ಪಿತೃವಿಯೋಗವನ್ನುಂಡ ಬಾಲಕ ವೇಂಕಟನಾಥ

ಫಾಲ್ಗುಣ ಶುದ್ಧ ಸಪ್ತಮಿಯು ಶ್ರೀರಾಘವೇಂದ್ರತೀರ್ಥ ಶ್ರೀಪಾದಂಗಳವರ ವರ್ಧಂತಿಯ ಪುಣ್ಯದಿನ. ಮಂತ್ರಾಲಯಪ್ರಭುಗಳ ಮಹಿಮೆಗಳನ್ನು ಆಸ್ತಿಕ ಮಹಾಶಯರೆಲ್ಲರೂ ಬಲ್ಲರು. ಆ ಮಹನೀಯರು ಎಳವೆಯಲ್ಲಿಯೇ ತಂದೆಯನ್ನು ಕಳೆದುಕೊಂಡವರೆಂಬುದನ್ನು ಸ್ಮರಿಸುವವರು ವಿರಳ.

1565ರ ಯುದ್ಧದಿಂದ ವಿಜಯನಗರವು ಹಾಳಾದ ತರುವಾಯ, ವೀಣಾವಿದ್ವಾಂಸರ ವಂಶದವರಾದ ತಿಮ್ಮಣ್ಣಭಟ್ಟರು ತಮಿಳುನಾಡನ್ನು ಸೇರಿದರು. ಅವರಿಗೂ ಗೋಪಿಕಾಂಬೆಯವರಿಗೂ ವೇಂಕಟಾಂಬಾ, ಗುರುರಾಜರೆಂಬ ಮಕ್ಕಳಾದ ಮೇಲೆ 1595ರಲ್ಲಿ ಭುವನಗಿರಿಯಲ್ಲಿ ಜನಿಸಿದವರೇ ವೇಂಕಟನಾಥರು. ಅಕ್ಷರಾಭ್ಯಾಸದ ದಿನ ತಂದೆ ಓಂಕಾರವನ್ನು ಬರೆಸಿದಾಗ, ಇಷ್ಟು ಚಿಕ್ಕ ಅಕ್ಷರವು ಅಷ್ಟು ದೊಡ್ಡ ದೇವರನ್ನು ಹೇಗೆ ಹೇಳೀತೆಂದು ಮಗು ಕೇಳಿತಂತೆ. ಉತ್ತರಿಸಿ ಬೆಳೆಸಬೇಕಾಗಿದ್ದ ತಂದೆ ಬಹುಕಾಲ ಉಳಿಯಲಿಲ್ಲ.

ಮನೆಯ ಭಾರವು ಅಣ್ಣ ಗುರುರಾಜಾಚಾರ್ಯರ ಮೇಲೆ ಬಿದ್ದಿತು. ತಮ್ಮನ ಉಪನಯನವನ್ನು ನೆರವೇರಿಸಿದವರೂ ಅವರೇ. ತಂದೆಯಿಲ್ಲದ ವಟುಗಳ ಉಪನಯನವನ್ನು ಪುರೋಹಿತರ ಮನೆಯಲ್ಲಿ ಹುಟ್ಟಿದ ನಾನು ಹಲವು ಬಾರಿ ಕಂಡಿದ್ದೇನೆ. ಬ್ರಹ್ಮೋಪದೇಶಕ್ಕೆಂದು ವಸ್ತ್ರದ ಮರೆಯಲ್ಲಿ ಕುಳಿತಾಗ, ಕಿವಿಯಲ್ಲಿ ಕೇಳುವ ಧ್ವನಿ ಅಣ್ಣನದೋ ಮಾವನದೋ ಆಗಿರುತ್ತದೆ. ಮಂಗಳವಾದ್ಯದ ನಡುವೆಯೂ ತಾಯಿಯ ಕಣ್ಣು ಒದ್ದೆಯಾಗುತ್ತದೆ. ಗೋಪಿಕಾಂಬೆಯವರ ಸ್ಥಿತಿಯೂ ಬೇರೆಯಾಗಿರಲಾರದು.

ಬಳಿಕ ಬಾಲಕನು ಮಧುರೆಗೆ, ಅಕ್ಕ ವೇಂಕಟಾಂಬೆಯ ಮನೆಗೆ ಹೋದನು. ಭಾವ ಲಕ್ಷ್ಮೀನರಸಿಂಹಾಚಾರ್ಯರೇ ಗುರುಗಳಾಗಿ ವಿದ್ಯೆಯನ್ನು ಧಾರೆಯೆರೆದರು. ಇಂತಹ ಆಶ್ರಯದಲ್ಲಿ ಅನ್ನಕ್ಕೆ ಕೊರತೆಯಿಲ್ಲದಿದ್ದರೂ ಮಗುವಿಗೆ ಸಂಕೋಚವೊಂದು ಉಳಿಯುವುದುಂಟು. ಆ ದಂಪತಿಗಳು ಅದಕ್ಕೆಡೆಗೊಡಲಿಲ್ಲವೆಂದೇ ತೋರುತ್ತದೆ. ಮುಂದೆ ಶ್ರೀರಾಘವೇಂದ್ರವಿಜಯವನ್ನು ರಚಿಸಿದ ನಾರಾಯಣಾಚಾರ್ಯರು ಈ ಅಕ್ಕನ ಮಗನೇ.

ವಿವಾಹಾನಂತರ ಕುಂಭಕೋಣದಲ್ಲಿ ಶ್ರೀಸುಧೀಂದ್ರತೀರ್ಥರಲ್ಲಿ ಉಚ್ಚ ವ್ಯಾಸಂಗ, ಕಡುಬಡತನ, ಪರಿಮಳಾಚಾರ್ಯರೆಂಬ ಕೀರ್ತಿ ಇವೆಲ್ಲ ಪ್ರಸಿದ್ಧವೇ ಆಗಿವೆ. ಗುರುಗಳು ಸನ್ಯಾಸವನ್ನು ಸ್ವೀಕರಿಸೆಂದಾಗ ಅವರು ಒಡನೆ ಒಪ್ಪಲಿಲ್ಲ. ಪತ್ನಿ ಸರಸ್ವತಿಗೆ ಚಿಕ್ಕ ವಯಸ್ಸು, ಮಗ ಲಕ್ಷ್ಮೀನಾರಾಯಣನಿಗೆ ಉಪನಯನವಾಗಿರಲಿಲ್ಲ. ತಂದೆಯಿಲ್ಲದ ಮನೆಯು ಹೇಗಿರುತ್ತದೆಂಬುದನ್ನು ಅವರಿಗೆ ಯಾರೂ ಹೇಳಬೇಕಾಗಿರಲಿಲ್ಲ. ಸರಸ್ವತೀದೇವಿಯ ಪ್ರೇರಣೆಯಿಂದ ಮನಸ್ಸು ದೃಢವಾಯಿತೆಂದು ಸಂಪ್ರದಾಯವು ಹೇಳುತ್ತದೆ. 1621ರಲ್ಲಿ ತಂಜಾವೂರಿನಲ್ಲಿ ಕಾಷಾಯವನ್ನು ಧರಿಸಿದರು. ಪತಿಯನ್ನಗಲಲಾರದೆ ಸರಸ್ವತಿಯೂ ಬಾವಿಯಲ್ಲಿ ಪ್ರಾಣವನ್ನು ನೀಗಿದಳೆಂದು ಪ್ರತೀತಿ. ಲಕ್ಷ್ಮೀನಾರಾಯಣನು ಏಕಕಾಲಕ್ಕೆ ಇಬ್ಬರನ್ನೂ ಕಳೆದುಕೊಂಡನು.

ಆದರೆ ತುರೀಯಾಶ್ರಮಕ್ಕೆ ಮುನ್ನ ವೇಂಕಟನಾಥರು ಮಗನ ಉಪನಯನವನ್ನು ಮುಗಿಸಿದ್ದರು. ಆ ಬಾಲಕನು ಗಾಯತ್ರಿಯನ್ನು ಕೇಳಿದ್ದು ತಂದೆಯ ಬಾಯಿಂದಲೇ.