ಟೋಲ್ಕೀನರ ಪಂಚಾಂಗ

ಆಂಗ್ಲ ಕಾದಂಬರಿಕಾರ ಟೋಲ್ಕೀನರು 1892ರಲ್ಲಿ ದಕ್ಷಿಣ ಆಫ್ರಿಕದ ಬ್ಲೂಮ್‌ಫಾಂಟೇನಿನಲ್ಲಿ ಜನಿಸಿದರು. ನಾಲ್ಕನೆಯ ವಯಸ್ಸಿನಲ್ಲಿ ತಂದೆಯನ್ನೂ ಹನ್ನೆರಡರಲ್ಲಿ ತಾಯಿಯನ್ನೂ ಕಳೆದುಕೊಂಡವರು. 1916ರಲ್ಲಿ ಮಹಾಯುದ್ಧವು ಇಬ್ಬರು ಶಾಲಾಮಿತ್ರರನ್ನೂ ಕಸಿಯಿತು. 1925ರಲ್ಲಿ ಆಕ್ಸ್‌ಫರ್ಡಿನಲ್ಲಿ ಪ್ರಾಚೀನ ಇಂಗ್ಲಿಷಿನ ಪ್ರಾಧ್ಯಾಪಕರಾದರು. ಅಳಿದ ನುಡಿಗಳ ಸಹವಾಸವೇ ಅವರ ವೃತ್ತಿ.

'ದಿ ಲಾರ್ಡ್ ಆಫ್ ದಿ ರಿಂಗ್ಸ್' ಕಾದಂಬರಿಯ ಹಾಬಿಟ್ ಎಂಬ ಕುಳ್ಳ ಜನಕ್ಕೆ ಅವರೊಂದು ಪಂಚಾಂಗವನ್ನೇ ರಚಿಸಿಕೊಟ್ಟರು. ಮೂವತ್ತು ದಿನಗಳ ಹನ್ನೆರಡು ತಿಂಗಳು. ಮಿಕ್ಕ ಐದು ದಿನ ಯಾವ ತಿಂಗಳಿಗೂ ಸೇರದ ಹಬ್ಬಗಳು. ನಡುವರ್ಷದ ದಿನವನ್ನು ವಾರದ ಎಣಿಕೆಯಿಂದಲೇ ಹೊರಗಿಟ್ಟುದರಿಂದ ತಾರೀಖು-ವಾರಗಳ ಹೊಂದಿಕೆ ಎಂದೂ ಕದಲದು. ತಿಂಗಳ ಹೆಸರುಗಳು ಮಾತ್ರ ಬಹುಮಟ್ಟಿಗೆ ಕಲ್ಪನೆಯವಲ್ಲ. ಲ್ಯಾಟಿನ್ ಹೆಸರುಗಳು ಮೂಲೆಗೊತ್ತಿದ ಹಳೆಯ ಇಂಗ್ಲಿಷ್ ಮಾಸನಾಮಗಳನ್ನೇ ಹಾಬಿಟ್ಟರ ಬಾಯಲ್ಲಿ ಬದುಕಿಸಿದರು.

1944ರಲ್ಲಿ, ಮಗ ಕ್ರಿಸ್ಟಫರ್ ವಾಯುಪಡೆಯಲ್ಲಿ ದೂರವಿದ್ದಾಗ, ಕಥೆಯ ಚಂದ್ರನ ಉದಯಾಸ್ತಗಳು ತಪ್ಪಿದ್ದನ್ನು ಕಂಡು, ಬರೆದ ಅಧ್ಯಾಯಗಳನ್ನು ತಿದ್ದಿದರು. ಪಂಡಿತನ ಹಠವೆನ್ನುವವರುಂಟು; ನನಗದು ಕಳೆದುಕೊಂಡವನ ಜೋಪಾನವೆಂದೇ ತೋರುತ್ತದೆ. ಕೇಡಿನ ಉಂಗುರ ನಾಶವಾಗುವುದು ಮಾರ್ಚ್ 25ರಂದು. ಅಲ್ಲಿನ ಗೊಂಡೋರ್ ರಾಜ್ಯಕ್ಕೆ ಮುಂದೆ ಅದೇ ಹೊಸವರ್ಷ. 1752ರಲ್ಲಿ ಕೈಬಿಡುವವರೆಗೆ ಇಂಗ್ಲೆಂಡಿನ ಕಾನೂನಿನ ವರ್ಷಾರಂಭವೂ ಅದೇ ದಿನವಾಗಿತ್ತು.

ಪಂಚಾಂಗವು 1955ರಲ್ಲಿ ಕಾದಂಬರಿಯ ಕೊನೆಯ ಸಂಪುಟಕ್ಕೆ ಅನುಬಂಧವಾಗಿ ಅಚ್ಚಾಯಿತು. ಟೋಲ್ಕೀನರು 1973ರ ಸೆಪ್ಟೆಂಬರ್ 2ರಂದು ತೀರಿಕೊಂಡರು.