ರಾಬರ್ಟ್ ಫ್ಲಾಹರ್ಟಿ

ರಾಬರ್ಟ್ ಜೋಸೆಫ್ ಫ್ಲಾಹರ್ಟಿ (೧೬ ಫೆಬ್ರವರಿ ೧೮೮೪ – ೨೩ ಜುಲೈ ೧೯೫೧) ಅಮೆರಿಕದ ಚಲನಚಿತ್ರ ನಿರ್ದೇಶಕರು. ಪೂರ್ಣಾವಧಿಯ ಸಾಕ್ಷ್ಯಚಿತ್ರಕ್ಕೆ ಜನಮನ್ನಣೆ ತಂದುಕೊಟ್ಟವರಲ್ಲಿ ಮೊದಲಿಗರು. ಸ್ಟುಡಿಯೋಗಳ ಕಟ್ಟುಪಾಡಿಗೆ ಒಗ್ಗದ ಅವರು ತುಪ್ಪಳದ ವ್ಯಾಪಾರಿಗಳು, ಸರ್ಕಾರ, ತೈಲ ಕಂಪನಿ ಹೀಗೆ ದೊರೆತಲ್ಲಿ ಹಣ ಪಡೆದು ತಮ್ಮ ರೀತಿಯಲ್ಲಿಯೇ ಚಿತ್ರ ತಯಾರಿಸಿದರು.

ಜೀವನ ಮತ್ತು ಮೊದಲ ಚಿತ್ರ

ಜನಿಸಿದ್ದು ಮಿಶಿಗನ್ ರಾಜ್ಯದ ಐರನ್ ಮೌಂಟನ್‌ನಲ್ಲಿ. ತಂದೆಯಂತೆ ಇವರೂ ಅದಿರು ಶೋಧಕರಾಗಿ ಕೆನಡಾದ ಹಡ್ಸನ್ ಕೊಲ್ಲಿಯ ಪ್ರದೇಶದಲ್ಲಿ ಸಂಚರಿಸಿದರು. ೧೯೧೩ರ ಯಾತ್ರೆಯಲ್ಲಿ ಚಲನಚಿತ್ರ ಕ್ಯಾಮೆರಾ ಒಯ್ದು ಇನುಯಿಟ್ ಜನರ ಬದುಕನ್ನು ಚಿತ್ರೀಕರಿಸಲಾರಂಭಿಸಿದರು. ಆದರೆ ಟೊರಾಂಟೋದಲ್ಲಿ ಅವರ ಸಿಗರೇಟಿನ ಕಿಡಿ ತಾಗಿ ಸುಮಾರು ೩೦,೦೦೦ ಅಡಿ ಫಿಲ್ಮ್ ಸುಟ್ಟುಹೋಯಿತು. ಉಳಿದ ಪ್ರತಿಯೂ ಅವರಿಗೆ ರುಚಿಸಲಿಲ್ಲ. ಊರೂರು ತೋರಿಸುವ ಪ್ರವಾಸ ಚಿತ್ರಕ್ಕಿಂತ ಒಂದು ಕುಟುಂಬದ ಕಥೆಯೇ ಮೇಲೆಂದು ನಿಶ್ಚಯಿಸಿ, ರೆವಿಯೋನ್ ಫ್ರೇರ್ ಎಂಬ ತುಪ್ಪಳ ಕಂಪನಿಯ ನೆರವಿನಿಂದ ೧೯೨೦ರಲ್ಲಿ ಮತ್ತೆ ಉತ್ತರಕ್ಕೆ ತೆರಳಿದರು. ಹೀಗೆ ಸಿದ್ಧವಾದ 'ನಾನೂಕ್ ಆಫ್ ದಿ ನಾರ್ತ್' ೧೯೨೨ರಲ್ಲಿ ತೆರೆಕಂಡು ಯಶಸ್ವಿಯಾಯಿತು.

ಶೈಲಿ ಮತ್ತು ವಿವಾದ

ಫ್ಲಾಹರ್ಟಿಯವರು ಚಿತ್ರೀಕರಿಸುವ ಜನರ ನಡುವೆ ದೀರ್ಘಕಾಲ ನೆಲೆಸುತ್ತಿದ್ದರು. ತೆಗೆದ ಭಾಗಗಳನ್ನು ಇನುಯಿಟರಿಗೆ ಅಲ್ಲಿಯೇ ತೋರಿಸುತ್ತಿದ್ದರು. ಇದು ಪ್ರಶಂಸನೀಯ. ಆದರೆ ತೆರೆಯ ಮೇಲಿನದೆಲ್ಲವೂ ನಡೆದದ್ದಲ್ಲ. ನಾನೂಕನ ನಿಜವಾದ ಹೆಸರು ಅಲ್ಲಕರಿಯಲ್ಲಕ್. ಚಿತ್ರದ ಪತ್ನಿ ಅವನ ಪತ್ನಿಯಲ್ಲ. ಬಂದೂಕು ಬಳಸುತ್ತಿದ್ದವರ ಕೈಗೆ ಹಳೆಯ ಈಟಿ ಕೊಡಲಾಯಿತು. ಒಳಗೆ ಬೆಳಕು ಸಾಲದೆ ಅರ್ಧ ಇಗ್ಲೂ ಕಟ್ಟಿಸಲಾಯಿತು. 'ಮ್ಯಾನ್ ಆಫ್ ಅರಾನ್' (೧೯೩೪) ಚಿತ್ರಕ್ಕಾಗಿ ಐರ್ಲೆಂಡಿನ ಅರಾನ್ ದ್ವೀಪದವರಿಗೆ ಮರೆತುಹೋಗಿದ್ದ ಶಾರ್ಕ್ ಬೇಟೆಯನ್ನು ಹೊಸದಾಗಿ ಕಲಿಸಬೇಕಾಯಿತು. ಅಲ್ಲಿನ ಭೂಮಾಲೀಕರ ಶೋಷಣೆ ಮಾತ್ರ ಚಿತ್ರದಲ್ಲಿ ಕಾಣಲಿಲ್ಲ. ಇಗ್ಲೂವಿನ ವಿಷಯ ತಾಂತ್ರಿಕ ಅನಿವಾರ್ಯತೆ ಎನ್ನಬಹುದು. ಈ ಮೌನಕ್ಕೆ ಆ ಸಮರ್ಥನೆ ಒದಗುವುದಿಲ್ಲ. ಸಮೋವಾದಲ್ಲಿ ತೆಗೆದ 'ಮೋನಾ' (೧೯೨೬) ಚಿತ್ರದ ವಿಮರ್ಶೆಯಲ್ಲಿ ಜಾನ್ ಗ್ರಿಯರ್ಸನ್ 'ಡಾಕ್ಯುಮೆಂಟರಿ' ಎಂಬ ಪದವನ್ನು ಬಳಸಿದ್ದು ಪ್ರಸಿದ್ಧವಾಗಿದೆ.

ಮೈಸೂರಿನಲ್ಲಿ

ಕಿಪ್ಲಿಂಗರ ಕಥೆಯನ್ನಾಧರಿಸಿದ 'ಎಲಿಫೆಂಟ್ ಬಾಯ್' (೧೯೩೭) ಚಿತ್ರದ ಹೊರಾಂಗಣ ದೃಶ್ಯಗಳನ್ನು ನಾಲ್ವಡಿ ಕೃಷ್ಣರಾಜ ಒಡೆಯರ ಕಾಲದ ಮೈಸೂರು ಸಂಸ್ಥಾನದಲ್ಲಿ ತೆಗೆದರು. ನಾಯಕ ಸಾಬು, ಕಾರಾಪುರದ ಮಾವುತನ ಮಗ. ಈ ಚಿತ್ರದಿಂದಲೇ ಹಾಲಿವುಡ್ಡಿನವರೆಗೆ ಹೋದನು. ಉಳಿದ ಭಾಗವನ್ನು ಜೊಲ್ಟಾನ್ ಕೊರ್ಡಾ ಇಂಗ್ಲೆಂಡಿನ ಸ್ಟುಡಿಯೋದಲ್ಲಿ ಚಿತ್ರೀಕರಿಸಿದ್ದರಿಂದ ಕಾಡಿನ ದೃಶ್ಯಗಳಿಗೂ ಕೃತಕ ಸಂಭಾಷಣೆಗಳಿಗೂ ಹೊಂದಿಕೆಯಿಲ್ಲ. ಆದರೂ ಇಬ್ಬರಿಗೂ ವೆನಿಸ್ ಚಿತ್ರೋತ್ಸವದಲ್ಲಿ ನಿರ್ದೇಶನದ ಪ್ರಶಸ್ತಿ ಲಭಿಸಿತು.

ಕೊನೆಯ ವರ್ಷಗಳು

ಅಮೆರಿಕದ ಕೃಷಿ ಇಲಾಖೆಗಾಗಿ 'ದಿ ಲ್ಯಾಂಡ್' (೧೯೪೨) ತಯಾರಿಸಿದರು. ಸ್ಟ್ಯಾಂಡರ್ಡ್ ಆಯಿಲ್ ಕಂಪನಿಯ ಹಣದಿಂದ ತೆಗೆದ 'ಲೂಸಿಯಾನಾ ಸ್ಟೋರಿ' (೧೯೪೮) ಚಿತ್ರದ ಸಂಗೀತಕ್ಕಾಗಿ ವರ್ಜಿಲ್ ಥಾಮ್ಸನ್ ಪುಲಿಟ್ಜರ್ ಪ್ರಶಸ್ತಿ ಪಡೆದರು. ಫ್ಲಾಹರ್ಟಿಯವರ ಬಹುತೇಕ ಚಿತ್ರಗಳಲ್ಲಿ ಸಹಭಾಗಿಯಾಗಿದ್ದ ಪತ್ನಿ ಫ್ರಾನ್ಸಿಸ್, ಅವರ ನಿಧನಾನಂತರ ೧೯೫೫ರಲ್ಲಿ ವರ್ಮಾಂಟಿನ ತಮ್ಮ ತೋಟದ ಮನೆಯಲ್ಲಿ ಸಾಕ್ಷ್ಯಚಿತ್ರಕಾರರ ಗೋಷ್ಠಿಯನ್ನು ಆರಂಭಿಸಿದರು.