ಚಿಕ್ಕತಾಯಿಯ ಅರಮನೆಯಲ್ಲಿ ಬಿದ್ದ ಚೆಂಡು: ಗಂಡುಗಲಿ ಕುಮಾರರಾಮನ ಬದುಕು

ಮಲತಾಯಿಯ ಪ್ರಸಂಗವಿಲ್ಲದ ಕಥಾಪರಂಪರೆ ಯಾವ ಭಾಷೆಯಲ್ಲಿಯೂ ಇರಲಾರದು. ರಾಮನನ್ನು ಕಾಡಿಗಟ್ಟಿದವಳು ಕೈಕೇಯಿ, ಧ್ರುವನನ್ನು ತಂದೆಯ ತೊಡೆಯಿಂದ ಇಳಿಸಿದವಳು ಸುರುಚಿ. ಈ ಇಬ್ಬರೂ ಬಯಸಿದ್ದು ತಮ್ಮ ಹೊಟ್ಟೆಯ ಮಕ್ಕಳಿಗೆ ಸಿಂಹಾಸನವನ್ನು. ಕನ್ನಡದ ಸಾಂಗತ್ಯ ಕಾವ್ಯಗಳು ಇನ್ನೊಂದು ಬಗೆಯ ಮಲತಾಯಿಯನ್ನು ಕಂಡಿವೆ. ಅವಳು ಬಯಸಿದ್ದು ರಾಜ್ಯವನ್ನಲ್ಲ, ಮಲಮಗನನ್ನೇ. ಅವಳ ಹೆಸರು ರತ್ನಾಜಿ. ಆ ಮಗ ಕುಮ್ಮಟದ ಕುಮಾರರಾಮ. ಐಚ್ಛಿಕ ಕನ್ನಡದ ವಿದ್ಯಾರ್ಥಿಗಳು ನಂಜುಂಡ ಕವಿಯ ಹೆಸರನ್ನು ಸಾಹಿತ್ಯ ಚರಿತ್ರೆಯ ಒಂದು ಸಾಲಿನಲ್ಲಿ ಓದಿ ಮುಂದೆ ಹೋಗುವುದುಂಟು. ಆತನ ಕಾವ್ಯದ ನಾಯಕನು ನಮ್ಮ ರಾಯದುರ್ಗ ಸೀಮೆಗೆ ತೀರ ಹತ್ತಿರದವನು ಎಂಬುದು ಆ ಸಾಲಿನಿಂದ ತಿಳಿಯುವುದಿಲ್ಲ.

ದೇವಗಿರಿಯ ಸೇವುಣರ ಪ್ರಾಬಲ್ಯ ಕುಗ್ಗಿದ ಕಾಲದಲ್ಲಿ ತುಂಗಭದ್ರೆಯ ದಂಡೆಯ ಕಂಪಿಲಿಯಲ್ಲಿ ಒಂದು ಚಿಕ್ಕ ರಾಜ್ಯ ತಲೆಯೆತ್ತಿತು. ಮುಮ್ಮಡಿ ಸಿಂಗ ಅದರ ಅಡಿಗಲ್ಲನ್ನಿಟ್ಟವನು, ಅವನ ಮಗ ಕಂಪಿಲರಾಯ ಅದನ್ನು ಬೆಳೆಸಿದವನು. ಉತ್ತರದಿಂದ ದೆಹಲಿ, ಪೂರ್ವದಿಂದ ಓರುಗಲ್ಲಿನ ಕಾಕತೀಯರು, ದಕ್ಷಿಣದಿಂದ ಹೊಯ್ಸಳ ಮೂರನೆಯ ಬಲ್ಲಾಳ: ಈ ಮೂರರ ನಡುವೆ ಉಳಿಯಬೇಕಾಗಿದ್ದ ರಾಜ್ಯ ಅದು. ಕುಮ್ಮಟದುರ್ಗ ಅದರ ಬಲವಾದ ಕೋಟೆ. ಇಂದಿನ ಗಂಗಾವತಿ ತಾಲ್ಲೂಕಿನ ಜಬ್ಬಲಗುಡ್ಡದ ಬಳಿಯ ಬಂಡೆಬೆಟ್ಟಗಳ ನಡುವೆ ಅದರ ಅವಶೇಷಗಳಿವೆ.

ಕಂಪಿಲನ ಪಟ್ಟದರಸಿ ಹರಿಯಲದೇವಿ. ಅವಳ ಬಸಿರಲ್ಲಿ ಹುಟ್ಟಿದ ಮಗನಿಗೆ ರಾಮನಾಥನೆಂದು ಹೆಸರಿಟ್ಟರು. ಆ ಹೆಸರು ಅಯೋಧ್ಯೆಯಿಂದ ಬಂದದ್ದಲ್ಲ. ಮೊಳಕಾಲ್ಮೂರು ಸೀಮೆಯ ಜಟಿಂಗ ರಾಮೇಶ್ವರ ಬೆಟ್ಟದ ದೇವರು ಕಂಪಿಲನ ಮನೆತನದ ಆರಾಧ್ಯ, ಆ ದೇವರ ಹೆಸರೇ ಕೂಸಿನದಾಯಿತು. ಈ ಬೆಟ್ಟದ ವಿಚಾರವಾಗಿ ಇನ್ನೊಂದು ಮಾತನ್ನು ಮುಂದೆ ಹೇಳಬೇಕಾಗಿದೆ.

ರಾಮನ ಎಳೆತನದ ಬಗೆಗೆ ಕಾವ್ಯಗಳು ವೀರರ ಬಾಲ್ಯಕ್ಕೆ ಸಲ್ಲುವ ಮಾತುಗಳನ್ನೇ ಆಡುತ್ತವೆ: ಕುದುರೆಯೇರಾಟ, ಗರಡಿ, ಅಸಮಾನ ಧೈರ್ಯ. ಜೊತೆಗಾರ ಕಾಟಣ್ಣ ಅವನಿಗೆ ಒಡಹುಟ್ಟಿದವನಿಗಿಂತ ಮಿಗಿಲಾದ ಬಂಟ. ಹರೆಯಕ್ಕೆ ಬರುತ್ತಲೇ ಅವನು ಓರುಗಲ್ಲಿನವರನ್ನೂ ಹೊಯ್ಸಳರನ್ನೂ ಎದುರಿಸಿದನೆಂದು ಹಾಡುಗಳು ಹೇಳುತ್ತವೆ. ಅವನಿಗೆ ಸಂದ ಬಿರುದುಗಳಲ್ಲಿ ಎರಡು ನಿಂತವು. ಒಂದು ಗಂಡುಗಲಿ, ಇನ್ನೊಂದು ಪರನಾರೀ ಸಹೋದರ. ಎರಡನೆಯ ಬಿರುದು ಅವನಿಗೆ ಮಾತ್ರ ಮೀಸಲಾದುದಲ್ಲ, ಮಧ್ಯಯುಗದ ಎಷ್ಟೋ ಅರಸರ ಶಾಸನಗಳಲ್ಲಿ ಅದು ಅಲಂಕಾರವಾಗಿ ಬರುತ್ತದೆ. ಅಲಂಕಾರವಾಗಿದ್ದ ಆ ಮಾತು ಒಬ್ಬ ಮನುಷ್ಯನ ಪ್ರಾಣದ ಪ್ರಶ್ನೆಯಾದದ್ದು ರಾಮನ ಬದುಕಿನಲ್ಲಿ.

ಇಳಿವಯಸ್ಸಿನತ್ತ ಸಾಗಿದ್ದ ಕಂಪಿಲನ ಅಂತಃಪುರದಲ್ಲಿ ರತ್ನಾಜಿ ಕಿರಿಯ ರಾಣಿ. ಇಲ್ಲಿ ನಮ್ಮ ಭಾಷೆಯ ಒಂದು ಸೂಕ್ಷ್ಮವನ್ನು ಗಮನಿಸಬೇಕು. ಹೆತ್ತ ತಾಯಿ ಹರಿಯಲದೇವಿ ಬದುಕಿದ್ದಾಳೆ, ಆದ್ದರಿಂದ ರತ್ನಾಜಿ ಸತ್ತವಳ ಸ್ಥಾನಕ್ಕೆ ಬಂದ ಮಲತಾಯಿಯಲ್ಲ, ಚಿಕ್ಕತಾಯಿ. ನಮ್ಮ ನೆರೆಯ ತೆಲುಗಿನಲ್ಲಿ ಇವಳನ್ನು ಸವತಿತಲ್ಲಿ ಎನ್ನುತ್ತಾರೆ. ಕನ್ನಡದ ಶಬ್ದದಲ್ಲಿ ಮಗನ ದೃಷ್ಟಿ ಇದೆ, ತೆಲುಗಿನ ಶಬ್ದದಲ್ಲಿ ಹೆತ್ತವಳ ನೋವೂ ಸೇರಿದೆ. ಎರಡು ಭಾಷೆಗಳ ನಡುವೆ ಬೆಳೆದ ನಮ್ಮ ಕಡೆಯ ಮಕ್ಕಳಿಗೆ ಈ ವ್ಯತ್ಯಾಸವನ್ನು ಬಿಡಿಸಿ ಹೇಳಬೇಕಾಗಿಲ್ಲ.

ಒಂದು ದಿನ ಕಂಪಿಲನು ಬೇಟೆಗೆ ಹೋಗಿದ್ದಾಗ ರಾಮನು ಗೆಳೆಯರೊಡನೆ ಚೆಂಡಾಟದಲ್ಲಿ ತೊಡಗಿದನು. ಆಡುತ್ತಿದ್ದ ಚೆಂಡು ಎಗರಿ ರತ್ನಾಜಿಯ ಅರಮನೆಯೊಳಗೆ ಬಿತ್ತು. ಚೆಂಡನ್ನು ತರಲು ರಾಮನೇ ಒಳಗೆ ಹೋದನು. ರತ್ನಾಜಿ ತನ್ನ ಮನಸ್ಸನ್ನು ಅವನ ಮುಂದೆ ತೆರೆದಿಟ್ಟಳು. ಅವನು ತಾಯಿಯೆಂದು ಕರೆದು ಹಿಂದೆ ಸರಿದನು. ಸಾಂಗತ್ಯಕಾರರು ಈ ಸನ್ನಿವೇಶವನ್ನು ಬೇಗನೆ ಮುಗಿಸುವುದಿಲ್ಲ. ಅವಳು ಬೇಡುತ್ತಾಳೆ, ಒಡ್ಡುತ್ತಾಳೆ, ಬೆದರಿಸುತ್ತಾಳೆ. ಅವನು ಪ್ರತಿಸಲವೂ ಸಂಬಂಧದ ಹೆಸರನ್ನೇ ಅಡ್ಡ ಹಿಡಿಯುತ್ತಾನೆ. ಕೊನೆಗೆ ಬಿಡಿಸಿಕೊಂಡು ಹೊರಟುಹೋದನು. ರತ್ನಾಜಿ ಉಟ್ಟದ್ದನ್ನು ತಾನೇ ಹರಿದುಕೊಂಡು, ಮೈಯನ್ನು ಗೀರಿಕೊಂಡು, ಬೇಟೆಯಿಂದ ಮರಳಿದ ಗಂಡನಿಗೆ ಮಗನ ಮೇಲೆ ದೂರು ಹೇಳಿದಳು.

ಕಂಪಿಲನು ವಿಚಾರಿಸಲಿಲ್ಲ. ಮಗನನ್ನು ಕರೆಸಿ ಕೇಳಲಿಲ್ಲ, ಅಂತಃಪುರದ ಆಳುಗಳನ್ನು ಕೇಳಲಿಲ್ಲ. ರಾಮನ ತಲೆಯನ್ನೂ ಅವನ ಸಂಗಡಿಗರ ತಲೆಗಳನ್ನೂ ತರಬೇಕೆಂದು ಮಂತ್ರಿ ಬೈಚಪ್ಪನಿಗೆ ಆಜ್ಞಾಪಿಸಿದನು. ನನಗೆ ಈ ಕಥೆಯಲ್ಲಿ ಅತ್ಯಂತ ಘೋರವೆನಿಸುವುದು ರತ್ನಾಜಿಯ ಸುಳ್ಳಲ್ಲ, ಈ ಆಜ್ಞೆ. ಸುಳ್ಳಿಗೆ ಕಾಮ ಮತ್ತು ಅವಮಾನ ಎಂಬ ಎರಡು ಕಾರಣಗಳಾದರೂ ಇವೆ. ಯುದ್ಧಗಳಲ್ಲಿ ತನ್ನ ರಾಜ್ಯವನ್ನು ಕಾಯ್ದ ಮಗನನ್ನು ಒಂದು ರಾತ್ರಿಯೊಳಗೆ ಕೊಲ್ಲಿಸಹೊರಟ ತಂದೆಗೆ ಯಾವ ಕಾರಣವಿದೆ? ಕೇಳುಗರ ಸಿಟ್ಟೆಲ್ಲ ಚಿಕ್ಕತಾಯಿಯ ಮೇಲೆ ಹರಿಯುತ್ತದೆ, ತಂದೆಯು ಮರುಳಾದವನೆಂಬ ಕನಿಕರದಲ್ಲಿ ಪಾರಾಗುತ್ತಾನೆ. ದಶರಥನಿಗೂ ಇದೇ ರಿಯಾಯಿತಿ ಸಿಕ್ಕಿದೆ.

ಬೈಚಪ್ಪನು ಅರಸನಿಗಿಂತ ವಿವೇಕಿ. ರಾಮನನ್ನೂ ಸಂಗಡಿಗರನ್ನೂ ನೆಲಮನೆಯಲ್ಲಿ ಅಡಗಿಸಿ, ಬೇರೆಯವರ ತಲೆಗಳನ್ನು ತಂದು ಒಪ್ಪಿಸಿದನು. ರತ್ನಾಜಿ ನಂಬಿದಳು, ಕಂಪಿಲನೂ ನಂಬಿದನು. ಆ ತಲೆಗಳು ಯಾರವು ಎಂದು ಕೇಳುವ ಕೇಳುಗರು ಕಡಿಮೆ, ಒಬ್ಬ ರಾಜಕುಮಾರನ ಬದಲಿಗೆ ಸತ್ತವರಿಗೆ ಸಾಂಗತ್ಯದಲ್ಲಿ ಹೆಚ್ಚು ಜಾಗವಿಲ್ಲ.

ಈಗ ಜಟಿಂಗ ರಾಮೇಶ್ವರದ ಮಾತು. ಆ ಬೆಟ್ಟದ ಬಂಡೆಯ ಮೇಲೆ ಮೌರ್ಯ ಅಶೋಕನ ಶಾಸನವಿದೆ. ಅಶೋಕನ ಮಗ ಕುಣಾಲನ ಕಥೆಯನ್ನು ಬೌದ್ಧರ ಅಶೋಕಾವದಾನ ಹೇಳುತ್ತದೆ. ಅವನ ಚೆಲುವಾದ ಕಣ್ಣುಗಳಿಗೆ ಮಲತಾಯಿ ತಿಷ್ಯರಕ್ಷಿತೆ ಮನಸೋತಳು, ಅವನು ಒಪ್ಪದಿದ್ದಾಗ ರಾಜಮುದ್ರೆಯ ಆಜ್ಞೆಯನ್ನು ಕಳುಹಿಸಿ ಆ ಕಣ್ಣುಗಳನ್ನೇ ಕೀಳಿಸಿದಳು. ಕುಮಾರರಾಮನಿಗೆ ಹೆಸರು ಕೊಟ್ಟ ಬೆಟ್ಟದಲ್ಲಿ ಕುಣಾಲನ ತಂದೆಯ ಶಾಸನವಿರುವುದು ಆಕಸ್ಮಿಕ, ಆದರೆ ಓದುಗನು ಮರೆಯಲಾಗದ ಆಕಸ್ಮಿಕ. ಪೂರ್ವಕ್ಕೆ ತಿರುಗಿದರೆ ತೆಲುಗಿನ ಸಾರಂಗಧರನಿದ್ದಾನೆ. ರಾಜಮಹೇಂದ್ರಿಯ ರಾಜರಾಜನರೇಂದ್ರನ ಮಗನೆಂದು ಕಥೆ ಅವನನ್ನು ಕರೆಯುತ್ತದೆ. ಅಲ್ಲಿ ಮಲತಾಯಿಯ ಹೆಸರು ಚಿತ್ರಾಂಗಿ, ಅಲ್ಲಿ ಚೆಂಡಿನ ಬದಲು ಪಾರಿವಾಳ. ಹಾರಿಹೋದ ಪಾರಿವಾಳವನ್ನು ಹುಡುಕಿಕೊಂಡು ಹೋದ ಮಗನು ಕೈಕಾಲು ಕಡಿಸಿಕೊಳ್ಳುತ್ತಾನೆ, ಸಿದ್ಧನ ಕೃಪೆಯಿಂದ ಅವನ್ನು ಮರಳಿ ಪಡೆಯುತ್ತಾನೆ. ಗ್ರೀಕರಲ್ಲಿ ಫೀದ್ರಾ ಮತ್ತು ಹಿಪ್ಪೊಲಿಟಸ್ ಇದೇ ಕಥೆಯವರು.

ಇಷ್ಟು ನಾಡುಗಳಲ್ಲಿ ಒಂದೇ ಕಥೆ ಇದ್ದರೆ ರತ್ನಾಜಿಯು ನಡೆದ ಸಂಗತಿಯೋ ಅಲೆದಾಡುವ ಆಶಯವೋ ಎಂಬ ಅನುಮಾನ ಸಹಜ. ಇದು ಆಶಯವೆಂಬುದೇ ನನ್ನ ಎಣಿಕೆ. ಹಾಗೆಂದು ಅದನ್ನು ಕಿತ್ತುಹಾಕಿ ಉಳಿದುದನ್ನು ಮಾತ್ರ ಇತಿಹಾಸವೆಂದು ಓದುವುದು ಕಾವ್ಯಕ್ಕೆ ಮಾಡುವ ಅನ್ಯಾಯ. ಮುದುಕನಾದ ಗಂಡ, ಹರೆಯದ ಹೆಂಡತಿ, ಅವಳ ವಯಸ್ಸಿನವನೇ ಆದ ಮಗ: ಬಹುಪತ್ನೀತ್ವದ ಅರಮನೆಯು ತಾನೇ ಹೆಣೆದ ಈ ತ್ರಿಕೋನಕ್ಕೆ ಹೆದರುತ್ತಿತ್ತು. ಸಾರಂಗಧರನ ಕಥೆಯ ಕೆಲವು ಪಾಠಗಳಲ್ಲಿ ಚಿತ್ರಾಂಗಿಯನ್ನು ಮೊದಲು ಮಗನಿಗೆಂದು ನೋಡಿ, ಆಮೇಲೆ ತಂದೆಯೇ ಮದುವೆಯಾಗುತ್ತಾನೆ. ಆ ಪಾಠವನ್ನು ಕಟ್ಟಿದವನಿಗೆ ತಪ್ಪು ಎಲ್ಲಿಂದ ಮೊದಲಾಯಿತೆಂಬುದು ಗೊತ್ತಿತ್ತು.

ಕುಮ್ಮಟಕ್ಕೆ ಮರಳೋಣ. ರಾಮನು ಸತ್ತನೆಂಬ ಸುದ್ದಿ ಹಬ್ಬಿ ದೆಹಲಿಯ ದಂಡು ಬಂದಿತು. ಸುಲ್ತಾನನ ಮಗಳು ಬಾಬಮ್ಮ ರಾಮನಿಗೆ ಒಲಿದಿದ್ದಳೆಂಬುದು ಕಾವ್ಯಗಳ ಕಾರಣ. ಕೋಟೆ ಕುಸಿಯುವ ಹೊತ್ತಿನಲ್ಲಿ ಕಂಪಿಲನು ಕೊಲ್ಲಿಸಿದ ಮಗನನ್ನು ನೆನೆದು ಹಲುಬಿದನು. ಆಗ ಬೈಚಪ್ಪನು ನೆಲಮನೆಯ ಬಾಗಿಲನ್ನು ತೆರೆದನು. ಹೊರಬಂದ ರಾಮನು ತಂದೆಯನ್ನು ಒಂದು ಮಾತೂ ಆಡಿಕೊಳ್ಳದೆ ಕುದುರೆಯೇರಿ ದಂಡನ್ನು ಹಿಮ್ಮೆಟ್ಟಿಸಿದನು. ಅವನು ಬದುಕಿರುವುದನ್ನು ತಿಳಿದ ರತ್ನಾಜಿ ತನ್ನ ಪ್ರಾಣವನ್ನು ತಾನೇ ಕಳೆದುಕೊಂಡಳು. ತಂದೆಯೂ ಮಗನೂ ಮುಖಾಮುಖಿಯಾದ ಆ ಗಳಿಗೆಯಲ್ಲಿ ಹರಿಯಲದೇವಿ ಏನು ನೋಡಿದಳು, ಏನು ನುಂಗಿಕೊಂಡಳು ಎಂಬುದು ಇಂದಿನ ಕಾದಂಬರಿಕಾರನಿಗೆ ಒಂದು ಒಳ್ಳೆಯ ಅಧ್ಯಾಯವಾದೀತು.

ದಂಡು ಮತ್ತೆ ಬಂದಿತು. ಈ ಸಲ ಅದರ ಮುಂದೆ ಇದ್ದವಳು ಮಾತಂಗಿ ಎಂಬ ಹೆಂಗಸು. ಪರನಾರೀ ಸಹೋದರನು ಹೆಣ್ಣಿನ ಮೇಲೆ ಕತ್ತಿಯೆತ್ತಬಹುದೇ? ಚಿಕ್ಕತಾಯಿಯ ಅರಮನೆಯಲ್ಲಿ ಅವನನ್ನು ಕಾಯ್ದ ವ್ರತವೇ ರಣದಲ್ಲಿ ಅವನನ್ನು ತಡೆಯಿತೆಂದು ಈ ಭಾಗವನ್ನು ಓದಬಹುದು. ರಾಮನು ಆ ಕಾಳಗದಲ್ಲಿ ಬಿದ್ದನು, ಅವನ ತಲೆಯನ್ನು ದೆಹಲಿಗೆ ಕೊಂಡೊಯ್ದರು. ತಂದೆ ಕೇಳಿದ್ದ ತಲೆ ಕೊನೆಗೆ ಶತ್ರುವಿಗೆ ಸಂದಿತು.

ಇತಿಹಾಸಕಾರರು ಹೇಳುವ ಕಾರಣ ಬೇರೆ. ಮಹಮ್ಮದ್ ಬಿನ್ ತುಘಲಕನ ಬಂಧು, ಸಗರದ ಅಧಿಕಾರಿ ಬಹಾವುದ್ದೀನ್ ಗುರ್ಷಾಸ್ಪನು ದಂಗೆಯೆದ್ದು ಸೋತು ಕಂಪಿಲನ ಮರೆಹೊಕ್ಕನು. ಕಂಪಿಲನು ಅವನನ್ನು ಒಪ್ಪಿಸಲಿಲ್ಲ. ಮೊದಲ ದಾಳಿಗಳನ್ನು ತಡೆದ ರಾಜ್ಯ 1327ರಲ್ಲಿ ನೆಲಕಚ್ಚಿತು. ಗುರ್ಷಾಸ್ಪನನ್ನು ಕಂಪಿಲನು ಮೊದಲೇ ಹೊಯ್ಸಳನ ಬಳಿಗೆ ಕಳುಹಿಸಿದ್ದನು, ಬಲ್ಲಾಳನು ಅವನನ್ನು ಸುಲ್ತಾನನಿಗೆ ಒಪ್ಪಿಸಿದನು. ಕೋಟೆಯ ಹೆಂಗಸರು ಬೆಂಕಿಗೆ ಬಿದ್ದರು, ಗಂಡಸರು ಹೋರಾಡಿ ಸತ್ತರು. ಒಂದು ದಶಕ ಕಳೆಯುವುದರೊಳಗೆ ಅದೇ ನದಿಯ ದಂಡೆಯಲ್ಲಿ ವಿಜಯನಗರ ಹುಟ್ಟಿತು. ಮರೆಹೊಕ್ಕವನಿಗಾಗಿ ಮನೆತನವನ್ನೇ ತೆತ್ತ ಈ ಕಂಪಿಲನೂ, ಹೆಂಡತಿಯ ಮಾತಿಗೆ ಮಗನ ತಲೆ ಕೇಳಿದ ಆ ಕಂಪಿಲನೂ ಒಬ್ಬನೇ ಎಂದು ನಂಬುವುದು ಕಷ್ಟ.

ಕಂಪಿಲಿ ಅಳಿದು ಸುಮಾರು ಇನ್ನೂರು ವರ್ಷಗಳಾದ ಮೇಲೆ, 16ನೆಯ ಶತಮಾನದಲ್ಲಿ, ಚೆಂಗಾಳ್ವ ಮನೆತನದ ನಂಜುಂಡನು ರಾಮನಾಥ ಚರಿತೆಯನ್ನು ಬರೆದನು. ಗಂಗ, ಪಾಂಚಾಳಗಂಗ ಮೊದಲಾದವರೂ ಅದೇ ಕಥೆಯನ್ನು ಸಾಂಗತ್ಯದಲ್ಲಿಯೇ ಹಾಡಿದರು. ಓದುವವರಿಗಿಂತ ಕೇಳುವವರು ಹೆಚ್ಚಾಗಿದ್ದ ಕಥೆಗೆ ಸಾಂಗತ್ಯಕ್ಕಿಂತ ತಕ್ಕ ಛಂದಸ್ಸು ಸಿಗುತ್ತಿರಲಿಲ್ಲ. ನಾಲ್ಕು ಸಾಲುಗಳಲ್ಲಿ ನಿಂತು ಉಸಿರು ತೆಗೆದುಕೊಂಡು ಮುಂದೆ ಹೋಗುವ ಅದರ ನಡಿಗೆ ಮನೆಯೊಳಗಿನ ಜಗಳವನ್ನೂ ರಣದ ಗದ್ದಲವನ್ನೂ ಒಂದೇ ಧಾಟಿಯಲ್ಲಿ ಹೇಳಬಲ್ಲದು. ಬಳ್ಳಾರಿ ಕಡೆಯ ಬಯಲಾಟಕ್ಕೂ ಕಥೆ ಇಳಿಯಿತು. ಕುಮ್ಮಟದ ಬೆಟ್ಟದ ಮೇಲೆ ರಾಮನಿಗೆ ಗುಡಿಯಾಯಿತು. ಪರೀಕ್ಷೆಗಾಗಿ ಓದುವವರು ಕೃತಿ, ಕರ್ತೃ, ಕಾಲಗಳ ಜೊತೆಗೆ ಚೆಂಡಿನ ಭಾಗವನ್ನಾದರೂ ಮೂಲದಲ್ಲಿ ಗಟ್ಟಿಯಾಗಿ ಓದಬೇಕು.

ಕಂಪಿಲಿ ಬಿದ್ದ ಕೆಲವೇ ವರ್ಷಗಳಲ್ಲಿ ದೆಹಲಿಗೆ ಬಂದ ಇಬ್ನ್ ಬತೂತನು ಕಂಪಿಲನ ಅಂತ್ಯವನ್ನು ತನ್ನ ಪ್ರವಾಸ ಕಥನದಲ್ಲಿ ಬರೆದಿದ್ದಾನೆ. ಅದರಲ್ಲಿ ರತ್ನಾಜಿ ಇಲ್ಲ, ಚೆಂಡು ಇಲ್ಲ, ರಾಮನ ಹೆಸರೂ ಇಲ್ಲ. ಸೆರೆಸಿಕ್ಕ ಕಂಪಿಲನ ಹನ್ನೊಂದು ಮಂದಿ ಗಂಡುಮಕ್ಕಳನ್ನು ದೆಹಲಿಗೆ ಒಯ್ದು, ಮತಾಂತರಿಸಿ, ಸುಲ್ತಾನನು ಅವರಿಗೆ ಪದವಿಗಳನ್ನು ಕೊಟ್ಟನು. ಅವರಲ್ಲಿ ಮೂವರನ್ನು ಬತೂತನು ತಾನೇ ಕಂಡಿದ್ದನು. ನಸ್ರ್, ಬಖ್ತಿಯಾರ್, ಅಬೂ ಮುಸ್ಲಿಂ ಎಂದು ಅವರ ಹೊಸ ಹೆಸರುಗಳನ್ನು ಕೊಡುತ್ತಾನೆ. ಅವರಲ್ಲಿ ಯಾರು ಯಾವ ತಾಯಿಯ ಮಕ್ಕಳೆಂಬುದನ್ನು ಅವನು ಬರೆದಿಲ್ಲ.